ಗುಡುಗಿಗೆ ಮಂಚದಡಿ ಸೇರುವ ಮಗು: ಮುಂಗಾರಿಗೆ ಮುಂಚೆ ಏನಾದರೂ ಮಾಡಬಹುದಾ?

ಕಾಫಿಹೂವು (ಮೂಡಿಗೆರೆ ಕಡೆ)

ಮಗಳಿಗೆ 7 ವರ್ಷ, ಎರಡನೇ ಕ್ಲಾಸು. ಮನೆ ಹಳೇದು. ಮುಂದೆ ಹಂಚು, ಹಿಂದೆ ಅಡುಗೆಮನೆ ಮೇಲೆ ಶೀಟು. ಬಚ್ಚಲು ಹೊರಗೆ, ಅಂಗಳ ದಾಟಿ ಹೋಗಬೇಕು.

ಯುಗಾದಿ ಕಳೆದ ಮೇಲೆ ಶುರುವಾಗಿದ್ದು ಈಗ ಹೀಗಿದೆ: ಮಧ್ಯಾಹ್ನ ಮೂರಕ್ಕೆ ಮೋಡ ಕಟ್ಟಿದರೆ ಸಾಕು, "ಇವತ್ತು ಗುಡುಗುತ್ತಾ?" ಅಂತ ಹತ್ತು ಹದಿನೈದು ಸಲ ಕೇಳ್ತಾಳೆ. ಮೊದಲನೇ ಸದ್ದಿಗೇ ಮಂಚದಡಿ. ಕಿವಿ ಮುಚ್ಕೊಂಡು ಹೊಟ್ಟೆನೋವು ಅಂತಾಳೆ. ಮಳೆ ನಿಂತು ಗಂಟೆಯಾದರೂ ಬಚ್ಚಲಿಗೆ ಒಬ್ಬಳೇ ಹೋಗಲ್ಲ. ಮೊದಲು ಅಜ್ಜಿ ಪಕ್ಕ ಮಲಗ್ತಿದ್ದಳು, ಈಗ ನಮ್ಮಿಬ್ಬರ ಮಧ್ಯೆಯೇ ಆಗಬೇಕು.

ಮಾಡಿ ನೋಡಿದ್ದು: "ಏನೂ ಆಗಲ್ಲ ಮಗಾ" ಅಂತ ಹೇಳೋದು, ಕಿವಿಗೆ ಹತ್ತಿ, ಮೊಬೈಲಲ್ಲಿ ಕಾರ್ಟೂನು. ಯಾವುದೂ ಹಿಡೀಲಿಲ್ಲ. ಅಜ್ಜಿ "ಅರ್ಜುನ ಫಲ್ಗುಣ" ಹೇಳಿಸ್ತಾರೆ, ಅದು ಸರಿಯೋ ತಪ್ಪೋ ಗೊತ್ತಿಲ್ಲ. ಗುಡುಗೋ ಹೊತ್ತಲ್ಲಿ ಏನು ಮಾಡಬೇಕು, ಮಳೆಗಾಲಕ್ಕೆ ಮುಂಚೆ ಕಮ್ಮಿ ಮಾಡೋಕೆ ದಾರಿ ಇದೆಯಾ, ಯಾವಾಗ ಡಾಕ್ಟರ ಹತ್ರ ಹೋಗಬೇಕು? ತಿಳಿದವರು ಹೇಳಿ.

ಮಕ್ಕಳಮಾತು (ಹಾಸನ, ಮಕ್ಕಳ ಆಪ್ತಸಮಾಲೋಚಕಿ)

ಮೇಡಂ, ಅವಳು ಹೆದರ್ತಿರೋದು ಯಾವುದಕ್ಕೆ ಅನ್ನೋದನ್ನ ಮೊದಲು ಬಿಡಿಸಿ ನೋಡಿ. "ಗುಡುಗಿಗೆ ಭಯ" ಅನ್ನೋದು ದೊಡ್ಡವರ ಅಂದಾಜು. ಬಿಸಿಲಿರೋ ಒಂದು ಬೆಳಿಗ್ಗೆ ಐದು ಚೀಟಿ ಕೊಟ್ಟು ಚಿತ್ರ ಬರೆಸಿ: ಮಿಂಚು, ಸದ್ದು, ಕರೆಂಟು ಹೋದ ಕತ್ತಲೆ, ಗಾಳಿಗೆ ತೂಗೋ ಮರ, ಮಳೇಲಿ ಹೊರಗೆ ಉಳಿದ ಅಪ್ಪ. ಆಮೇಲೆ ಜಾಸ್ತಿ ಹೆದರಿಕೆಯದ್ದನ್ನ ಮೇಲಿಟ್ಟು ಸಾಲಾಗಿ ಜೋಡಿಸೋಕೆ ಹೇಳಿ. ಸದ್ದು ಮೂರನೇ ಜಾಗದಲ್ಲಿ, ಕತ್ತಲೆ ಮೊದಲನೇ ಜಾಗದಲ್ಲಿ ಬಂದರೆ ಆಶ್ಚರ್ಯ ಬೇಡ. ಕತ್ತಲೆ ಆದರೆ ಅವಳದ್ದೇ ಒಂದು ಟಾರ್ಚು, ಇಂಥದ್ದೇ ಮೊಳೆಗೆ ನೇತುಹಾಕಿ ಇಟ್ಟರೆ ಅರ್ಧ ಕೆಲಸ ಆಯ್ತು. ಮನೆ ಕಡೆ ವಾಲಿರೋ ಸಿಲ್ವರ್ ಮರಕ್ಕೆ ಹೆದರ್ತಿದ್ದರೆ ಅವಳ ಹೆದರಿಕೆಯೇ ಸರಿ. ಅದಕ್ಕೆ ಬೇಕಾಗಿರೋದು ನನ್ನಂಥವರಲ್ಲ, ಮರದ ಕೊಂಬೆ ಕಡಿಯೋ ಆಳು.

"ಏನೂ ಆಗಲ್ಲ" ಯಾಕೆ ಹಿಡಿಯಲ್ಲ ಅಂದ್ರೆ, ಬಾಯಲ್ಲಿ ಹಾಗೆ ಹೇಳ್ತಾ ನೀವು ಓಡಿಹೋಗಿ ಟಿವಿ ಪ್ಲಗ್ ಕೀಳ್ತೀರಿ, ಅಂಗಳದಲ್ಲಿರೋರನ್ನ ಕೂಗಿ ಒಳಗೆ ಕರೀತೀರಿ. ಮಗು ನಂಬೋದು ನಿಮ್ಮ ಕಾಲನ್ನ, ಬಾಯನ್ನಲ್ಲ. ಇದ್ದದ್ದನ್ನೇ ಹೇಳಿ: "ಗುಡುಗು ಬರೀ ಸದ್ದು, ಸದ್ದು ಯಾರನ್ನೂ ಮುಟ್ಟಲ್ಲ. ಸಿಡಿಲು ನಿಜವಾಗ್ಲೂ ಅಪಾಯ, ಅದಕ್ಕೇ ನಾವು ಒಳಗೆ ಬಂದು ಪ್ಲಗ್ ಕಿತ್ತಿದ್ದೀವಿ. ನಮ್ಮ ಕೆಲಸ ಮುಗೀತು." ಇದನ್ನ ಒಂದೇ ಸಲ ಹೇಳಿ. ಮತ್ತೆ ಕೇಳಿದರೆ "ನಾನೇನು ಹೇಳಿದ್ದೆ, ನೀನೇ ಹೇಳು ನೋಡೋಣ" ಅನ್ನಿ. ಹದಿನೈದು ಸಲ ಕೇಳಿದ್ದಕ್ಕೆ ಹದಿನೈದು ಸಲ ಸಮಾಧಾನ ಹೇಳಿದರೆ ಹದಿನಾರನೇದು ಗ್ಯಾರಂಟಿ ಬರುತ್ತೆ, ಯಾಕಂದ್ರೆ ಆ ಸಮಾಧಾನ ಎರಡು ನಿಮಿಷ ಮಾತ್ರ ನಿಲ್ಲೋದು.

ಮಂಚದಡಿಯೂ ಅದೇ ಕತೆ. ಅಲ್ಲಿಗೆ ಹೋದ ತಕ್ಷಣ ಎದೆ ಹಗುರ ಆಗುತ್ತೆ, "ಮಂಚ ನನ್ನ ಉಳಿಸ್ತು" ಅಂತ ಮೈಗೆ ಪಾಠ ಆಗುತ್ತೆ. ಹಾಗಂತ ಎಳೆದು ಹೊರಗೆ ಹಾಕಬೇಡಿ. ಮನೆಯ ನಡುಕೋಣೆಯಲ್ಲಿ, ಕಿಟಕಿಯಿಂದ ದೂರ, ಒಂದು ಜಾಗ ಗೊತ್ತು ಮಾಡಿ ಚಾಪೆ ಹಾಸಿ. ಮೊದಲನೇ ಮಳೆಗೆ ನೀವು ಮಂಚದ ಪಕ್ಕ ನೆಲದಲ್ಲಿ ಕೂತ್ಕೊಳ್ಳಿ, ಅವಳ ಕೈ ಮಾತ್ರ ಹೊರಗಿರಲಿ. ಮುಂದಿನದಕ್ಕೆ ತಲೆ ಹೊರಗೆ. ಆಮೇಲೆ ಚಾಪೆಗೆ. ಮೂರು ನಾಲ್ಕು ಮಳೆ ಹಿಡಿಯಬಹುದು, ಅವಸರ ಇಲ್ಲ.

ಗುಡುಗೋ ಹೊತ್ತಲ್ಲಿ ಕೈಗೆ ಕೆಲಸ ಇರಬೇಕು. ಹಲಸಿನ ಬೀಜದ ಸಿಪ್ಪೆ ಸುಲಿಯೋದು, ಬೆಳ್ಳುಳ್ಳಿ ಬಿಡಿಸೋದು, ಏನಾದರೂ. ಕಾರ್ಟೂನು ಯಾಕೆ ಆಗಲ್ಲ ಅಂದ್ರೆ ಅದರಲ್ಲಿ ಮುಳುಗಿದ ಮಗು ಗುಡುಗನ್ನ ಎದುರಿಸೋದೇ ಇಲ್ಲ, ಕರೆಂಟು, ನೆಟ್‌ವರ್ಕು ಎರಡೂ ಹೋದ ದಿನ ಕೈಕಾಲು ಬಿಡುತ್ತೆ. ನಮ್ಮ ಕಡೆ ಆ ದಿನ ಯಾವುದು ಅಂತ ಹೇಳಬೇಕಾಗಿಲ್ಲ.

ಉಸಿರಿನ ಅಭ್ಯಾಸಕ್ಕೆ ಊದುಕೊಳವೆ ಒಳ್ಳೇದು. ಒಂದು ತಟ್ಟೇಲಿ ಚಿಟಿಕೆ ಬೂದಿ ಇಟ್ಟು, ಒಂದು ಗೇಣು ದೂರದಿಂದ ಬೂದಿ ಅಲುಗಬೇಕು ಆದರೆ ಹಾರಬಾರದು ಅನ್ನೋ ಹಾಗೆ ಊದಿಸಿ. ತಾನಾಗಿ ಮೂರು ಎಣಿಸುವಷ್ಟು ಒಳಗೆ, ಆರು ಎಣಿಸುವಷ್ಟು ಹೊರಗೆ ಬರುತ್ತೆ. ಒಳಗೆ ಎಳೆಯುವಾಗ ಬಾಯಿಂದ ಕೊಳವೆ ತೆಗೀಬೇಕು, ಇಲ್ಲದಿದ್ದರೆ ಬೂದಿ ಬಾಯಿಗೆ. ದಿನಾ ಎರಡು ಹೊತ್ತು, ಎರಡೆರಡು ನಿಮಿಷ, ಮೋಡ ಇಲ್ಲದ ದಿನವೇ. ಗುಡುಗು ಶುರುವಾದ ಮೇಲೆ ಕಲಿಸಿದರೆ ಒಂದೂ ತಲೆಗೆ ಹೋಗಲ್ಲ.

ಮಕ್ಕಳಮಾತು

ಮುಂದುವರಿಸಿದ್ದು. ಅಸಲು ಕೆಲಸ ಒಣ ದಿನಗಳದ್ದು. ಭಯವನ್ನ ಬೆರಳಲ್ಲಿ ಅಳೆಯೋದು ಕಲಿಸಿ: ಒಂದು ಬೆರಳು ಅಂದ್ರೆ ಏನೂ ಇಲ್ಲ, ಹತ್ತು ಬೆರಳು ಅಂದ್ರೆ ತಡಿಯೋಕೇ ಆಗಲ್ಲ. ಆಮೇಲೆ ಮೆಟ್ಟಿಲು ಮೆಟ್ಟಿಲಾಗಿ ಹತ್ತಿಸಿ. ಗುಡುಗಿನ ಚಿತ್ರ ನೋಡೋದು, ಹಗಲಲ್ಲಿ ಆಟ ಆಡ್ತಾ ಗುಡುಗಿನ ಧ್ವನಿಮುದ್ರಣ ಸಣ್ಣಗೆ ಕೇಳೋದು, ಸ್ವಲ್ಪ ಜೋರಾಗಿ, ಕಿಟಕಿ ಮುಚ್ಚಿ ಮಬ್ಬಲ್ಲಿ, ಟಾರ್ಚು ಫಳ್ ಅನ್ನಿಸಿ ಐದು ಎಣಿಸಿ ಆಮೇಲೆ ಸದ್ದು, ಕೊನೆಗೆ ರಾತ್ರಿ ದೀಪ ಆರಿಸಿ. ದಿನಕ್ಕೆ 15–20 ನಿಮಿಷ, ವಾರಕ್ಕೆ ಐದು ದಿನ. ಒಂದು ಮೆಟ್ಟಿಲಲ್ಲಿ ಮೂರು ದಿನ ಸಾಲಾಗಿ ಮೂರು ಬೆರಳಿಗಿಂತ ಮೇಲೆ ಹೋಗದಿದ್ದರೆ ಮಾತ್ರ ಮುಂದಿನದು.

ಎಲ್ಲಕ್ಕಿಂತ ಮುಖ್ಯವಾದ್ದು, ನಿಲ್ಲಿಸೋದು ಯಾವಾಗ ಅನ್ನೋದು. ಆರು ಬೆರಳು ತೋರಿಸಿದಾಗ ಆಫ್ ಮಾಡಿದರೆ ಆರು ಬೆರಳಿನ ಭಯವೇ ಗಟ್ಟಿಯಾಗುತ್ತೆ. ಮೂರಕ್ಕೆ ಇಳಿಯೋವರೆಗೆ ಅದೇ ಸದ್ದಲ್ಲಿ ಆಟ ನಡೀಲಿ. ಎಂಟು ದಾಟಿದರೆ ಸದ್ದು ತಗ್ಗಿಸಿ, ಪೂರ್ತಿ ಆರಿಸಬೇಡಿ.

ಕೆಡೋದು ಸಾಮಾನ್ಯವಾಗಿ ಮೂರು ಕಡೆ. ಮೊಬೈಲಿನ ಸ್ಪೀಕರಲ್ಲಿ ಗುಡುಗಿನ ತಳದ ಗುಡುಗುಡು ಬರೋದೇ ಇಲ್ಲ, ಚಟಚಟ ಮಾತ್ರ ಬರುತ್ತೆ. ಅದಕ್ಕೆ ಒಗ್ಗಿದ ಮಗು ನಿಜವಾದ ಗುಡುಗಿಗೆ ಮತ್ತೆ ಬೆಚ್ಚುತ್ತೆ. ದೊಡ್ಡ ಬ್ಲೂಟೂತ್ ಸ್ಪೀಕರ್ ಇಸ್ಕೊಳ್ಳಿ, ಮರದ ಹಲಗೆ ಮೇಲಿಟ್ಟರೆ ನಡುಕವೂ ಕೈಗೆ ಸಿಗುತ್ತೆ. ಎರಡನೇದು, ಅಮ್ಮ ಇದ್ದಾಗ ಮಾತ್ರ ಅಭ್ಯಾಸ ಮಾಡೋದು. ವಾರಕ್ಕೆ ಎರಡು ದಿನ ಅಜ್ಜಿ ಜೊತೆ, ಎರಡು ದಿನ ಅಪ್ಪನ ಜೊತೆ ಆಗಬೇಕು. ಮೂರನೇದು, ಮಾವನೋ ಅಣ್ಣನೋ ತಮಾಷೆಗೆ ಹಿಂದಿನಿಂದ ಜೋರಾಗಿ ಹಾಕಿಬಿಡೋದು. ಆ ಒಂದು ಕಿತಾಪತಿ ಎರಡು ವಾರದ ಕೆಲಸ ನುಂಗುತ್ತೆ. ಸದ್ದಿನ ಗುಂಡಿ ಯಾವಾಗಲೂ ಮಗುವಿನ ಕೈಯಲ್ಲೇ ಇರಲಿ.

ಇನ್ನೂ ಒಳ್ಳೇದು, ಗುಡುಗನ್ನ ಅವಳೇ ಮಾಡೋದು. ನಾಟಕದವರು ರಂಗದ ಹಿಂದೆ ಗುಡುಗಿಗೆ ತಗಡು ಅಲ್ಲಾಡಿಸ್ತಾರಲ್ಲ, ಅದೇ ಉಪಾಯ. ಎರಡಡಿ ಅಗಲ, ಮೂರಡಿ ಉದ್ದದ ತೆಳು ಸಾದಾ ತಗಡು, ಮೇಲಂಚಿಗೆ ಎರಡು ತೂತು, ಹಗ್ಗ ಹಾಕಿ ತೊಲೆಗೆ ನೇತುಬಿಡಿ. ಕೆಳಗಿನ ಅಂಚು ಹಿಡಿದು ಮೆಲ್ಲಗೆ ಅಲ್ಲಾಡಿಸಿದರೆ ದೂರದ ಗುಡುಗು, ಜೋರಾಗಿ ಒದರಿದರೆ ಹತ್ತಿರದ್ದು. ಅಟ್ಟ ಇರೋ ಮನೇಲಿ ಹಲಗೆ ಮೇಲೆ ಗುಂಡುಕಲ್ಲು ಉರುಳಿಸಿದರೂ ಆಗುತ್ತೆ.

ಮಳೆಲೆಕ್ಕ (ಚಿಕ್ಕಮಗಳೂರು)

ಸಮಾಲೋಚಕಿ ಮೇಡಂ ಹೇಳಿದ್ದಕ್ಕೆ ಆಕಾಶದ ಕಡೆಯಿಂದ ನಾಲ್ಕು ಮಾತು.

ನಮ್ಮಲ್ಲಿ ಗುಡುಗು ವರ್ಷಪೂರ್ತಿ ಒಂದೇ ಸಮ ಇರಲ್ಲ ಮಾರಾಯ್ರೆ. ಏಪ್ರಿಲ್ ಮಧ್ಯದ ಅಶ್ವಿನಿ ಮಳೆ ನಕ್ಷತ್ರದಿಂದ ಭರಣಿ, ಕೃತ್ತಿಕೆ ಮುಗಿಯೋವರೆಗೆ ಅದರ ಕಾಲ. ಬೆಳಿಗ್ಗೆಯಿಂದ ಕಾದ ನೆಲ, ಕರಾವಳಿ ಕಡೆಯಿಂದ ಘಾಟಿ ಹತ್ತೋ ತೇವದ ಗಾಳಿ, ಎರಡೂ ಸೇರಿ ಮಧ್ಯಾಹ್ನ ಮೂರರಿಂದ ಸಂಜೆ ಏಳರ ಒಳಗೆ ಮೋಡ ಗೋಪುರದ ಹಾಗೆ ಏಳುತ್ತೆ. ಜೂನಲ್ಲಿ ಮೃಗಶಿರ, ಆರಿದ್ರಾ ಹಿಡಿದ ಮೇಲೆ ಗಾಳಿ ಮತ್ತು ಎಡೆಬಿಡದ ಮಳೆ ಜಾಸ್ತಿ, ಗುಡುಗು ಕಮ್ಮಿ. ಮತ್ತೆ ಅಕ್ಟೋಬರಿನ ಚಿತ್ತೆ, ಸ್ವಾತಿಗೆ ಗುಡುಗು ವಾಪಸ್. ಅಂದ್ರೆ "ಮುಂಗಾರಿಗೆ ಮುಂಚೆ" ಅಂತ ನೀವು ಕೇಳ್ತಿದ್ದೀರಿ, ಆದರೆ ಕಷ್ಟದ ಆರು ವಾರ ಈಗಲೇ ನಡೀತಿದೆ. ಜೂನಲ್ಲಿ ಮಗು ಸುಮ್ಮನಾದರೆ ಭಯ ಹೋಯ್ತು ಅಂತ ಅಭ್ಯಾಸ ಬಿಡಬೇಡಿ. ಮಳೆಗಾಲದುದ್ದಕ್ಕೂ ತಗಡು ಬಾರಿಸಿ, ಸ್ವಾತಿ ಮಳೇಲಿ ಗೊತ್ತಾಗುತ್ತೆ.

ಎಣಿಕೆ ಕಲಿಸಿ. ಬೆಳಕು ಕಣ್ಣಿಗೆ ಆ ಕ್ಷಣವೇ ಬರುತ್ತೆ, ಸದ್ದು ಸೆಕೆಂಡಿಗೆ ಸುಮಾರು 340 ಮೀಟರ್ ಮಾತ್ರ ನಡೆಯುತ್ತೆ. ಮಿಂಚಿಗೂ ಗುಡುಗಿಗೂ ನಡುವೆ ಮೂರು ಸೆಕೆಂಡಿಗೆ ಒಂದು ಕಿಲೋಮೀಟರ್. ಇಲ್ಲಿ ನಿಮ್ಮ ಅಜ್ಜಿಯ ಅರ್ಜುನ ಫಲ್ಗುಣ ಚೆನ್ನಾಗಿ ಉಪಯೋಗಕ್ಕೆ ಬರುತ್ತೆ. ಅರ್ಜುನ, ಫಲ್ಗುಣ, ಪಾರ್ಥ, ಕಿರೀಟಿ, ಶ್ವೇತವಾಹನ, ಬೀಭತ್ಸು, ವಿಜಯ, ಕೃಷ್ಣ, ಸವ್ಯಸಾಚಿ, ಧನಂಜಯ: ಹತ್ತು ಹೆಸರು. ಗಡಿಯಾರದ ಮುಳ್ಳಿಗೆ ಹೊಂದಿಸಿ ಸೆಕೆಂಡಿಗೊಂದು ಹೆಸರು ಹೇಳೋ ಅಭ್ಯಾಸ ಮಾಡಿಸಿ. ಮಿಂಚಿದ ಕೂಡಲೇ ಶುರು. ಕಿರೀಟಿಗೆ ಗುಡುಗಿದರೆ ಒಂದು ಕಿಲೋಮೀಟರಿಗಿಂತ ಸ್ವಲ್ಪ ಆಚೆ, ಧನಂಜಯ ಮುಗಿದ ಮೇಲೆ ಗುಡುಗಿದರೆ ಮೂರು ಕಿಲೋಮೀಟರಿಗಿಂತ ದೂರ. ಯಾವ ಹೆಸರಿಗೆ ಸದ್ದು ಬಂತು ಅಂತ ಪುಸ್ತಕದಲ್ಲಿ ಬರೆಸಿ.

ಒಂದು ತೊಡಕಿದೆ. ಮಳೆ ಹತ್ತಿರ ಬರ್ತಿರುವಾಗ ಹೆಸರು ಕಮ್ಮಿಯಾಗ್ತಾ ಹೋಗಿ ಭಯ ಏರುತ್ತೆ. ಅದಕ್ಕೆ ಮೊದಲೇ ಗುಡ್ಡದ ಚಿತ್ರ ಬರೆದು ತೋರಿಸಿ: ಹತ್ತುತ್ತೆ, ತುದಿ ಮುಟ್ಟುತ್ತೆ, ಇಳಿಯುತ್ತೆ. ಒಂದು ಗುಡುಗುಮೋಡದ ಆಯಸ್ಸು ಹೆಚ್ಚುಕಮ್ಮಿ ಅರ್ಧದಿಂದ ಒಂದು ಗಂಟೆ. ಒಂದರ ಹಿಂದೆ ಇನ್ನೊಂದು ಬರೋದೂ ಉಂಟು, ಆಗ ಎರಡು ಗುಡ್ಡ. ಪುಸ್ತಕದಲ್ಲಿ ನಾಲ್ಕು ಮಳೆಯ ಗುಡ್ಡ ಸೇರಿದ ಮೇಲೆ "ಇಳಿಯುತ್ತೆ" ಅನ್ನೋದನ್ನ ನೀವು ಹೇಳಬೇಕಾಗಿಲ್ಲ.

ಗುಡುಗು ಏನು ಅಂತ ಕೇಳಿದರೆ: ಮಿಂಚು ಹಾದುಹೋದ ಗಾಳಿ ಕಣ್ಣು ಮಿಟುಕಿಸೋ ಮೊದಲೇ ಸುಮಾರು 30,000 ಡಿಗ್ರಿ ಕಾಯುತ್ತೆ, ಸೂರ್ಯನ ಮೇಲ್ಮೈಯ ಐದು ಪಟ್ಟು. ಕಾದ ಗಾಳಿ ಒಮ್ಮೆಲೇ ಹಿಗ್ಗುತ್ತೆ, ಅದೇ ಸದ್ದು. ಮಿಂಚು ಕಿಲೋಮೀಟರುಗಟ್ಟಲೆ ಉದ್ದ ಇರೋದರಿಂದ ಹತ್ತಿರದ ತುದಿಯ ಸದ್ದು ಮೊದಲು, ದೂರದ್ದು ಆಮೇಲೆ. ಅದರ ಮೇಲೆ ನಮ್ಮ ಗುಡ್ಡಗಳ ಮಾರ್ದನಿ. ಅದಕ್ಕೇ ಬಯಲುಸೀಮೆಗಿಂತ ಇಲ್ಲಿ ಉರುಳೋದು ಜಾಸ್ತಿ ಹೊತ್ತು.

ಆದರೆ ಎಣಿಕೆ ಧೈರ್ಯಕ್ಕೆ, ರಕ್ಷಣೆಗಲ್ಲ. ಸಿಡಿಲು ಮಳೆಯಿಂದ ಹತ್ತು ಕಿಲೋಮೀಟರ್ ಆಚೆಯೂ ಬೀಳಬಹುದು. ಗುಡುಗು ಕೇಳಿಸಿತು ಅಂದ್ರೆ ಒಳಗೆ, ಕೊನೆಯ ಗುಡುಗಿನಿಂದ 30 ನಿಮಿಷ ಒಳಗೇ. ನಲ್ಲಿ, ಸ್ನಾನ, ಚಾರ್ಜಿಗೆ ಹಾಕಿದ ಮೊಬೈಲು, ಕಬ್ಬಿಣದ ಕಿಟಕಿ ಸರಳು ಇವುಗಳಿಂದ ದೂರ. ಮರದಡಿ, ಪಂಪ್‌ಸೆಟ್ ಶೆಡ್ಡು, ಗೋಡೆ ಇಲ್ಲದ ಬಸ್ ಸ್ಟಾಪು ಆಸರೆಯಲ್ಲ. ಗಾಜು ಏರಿಸಿದ ಲೋಹದ ಕಾರು ಆಸರೆ. ಸಿಡಿಲಿನ ಮುನ್ನೆಚ್ಚರಿಕೆಗೆ ಪುಣೆಯ ಉಷ್ಣವಲಯ ಹವಾಮಾನ ಸಂಸ್ಥೆಯ ದಾಮಿನಿ ಆ್ಯಪ್, ನಮ್ಮ ರಾಜ್ಯದ ಸಿಡಿಲು ಆ್ಯಪ್ ಇಟ್ಕೊಳ್ಳಿ, ಆದರೆ ದೊಡ್ಡವರ ಮೊಬೈಲಲ್ಲಿ. ಮಗುವಿಗೆ ತೋರಿಸಿದರೆ "ಗುಡುಗುತ್ತಾ" ಅನ್ನೋ ಪ್ರಶ್ನೆ ಬಾಯಿಂದ ಬೆರಳಿಗೆ ಇಳಿಯುತ್ತೆ ಅಷ್ಟೆ.

ಶೀಟಿನ ವಿಷಯ. ಅರ್ಧ ಭಯ ಗುಡುಗಿನದ್ದಲ್ಲ, ಶೀಟು ಬಡಿಯೋ ಸದ್ದಿನದ್ದು ಇರಬಹುದು. ಶೀಟು ಹಿಡಿದಿರೋ ಜೆ ಬೋಲ್ಟಿನ ವಾಷರ್ ಒಣಗಿ ಒಡೆದು ಸಡಿಲ ಆಗಿರುತ್ತೆ, ಗಾಳಿಗೆ ಆ ಅಂಚು ಪಟಪಟ ಅನ್ನುತ್ತೆ. ಬಿಸಿಲಿದ್ದಾಗ ಆಳನ್ನ ಹತ್ತಿಸಿ ವಾಷರ್ ಬದಲಿಸಿ ಬಿಗಿ ಮಾಡಿಸಿ. ಹನಿ ಬೀಳೋ ಸದ್ದಿಗೆ ಮೇಲೆ ಸೋಗೆ ಹಾಸಿ ಕಟ್ಟಿದರೆ ಕಮ್ಮಿಯಾಗುತ್ತೆ, ಆದರೆ ಒಲೆಯ ಹೊಗೆಕೊಳವೆ ಇರೋ ಕಡೆ ಬೇಡ, ಒಣ ಸೋಗೆಗೆ ಕಿಡಿ ಸಾಕು.

ಕಾಫಿಹೂವು

ಇಷ್ಟೆಲ್ಲ ಬರೆದಿದ್ದಕ್ಕೆ ತುಂಬಾ ಉಪಕಾರ. ಚೀಟಿ ಜೋಡಿಸಿದಳು. ಮೊದಲನೇದು ಮರವೂ ಅಲ್ಲ, ಸದ್ದೂ ಅಲ್ಲ, ಕತ್ತಲೆ. ಎರಡನೇದು ಸದ್ದು. ಬಚ್ಚಲು ಮತ್ತೆ ರಾತ್ರಿ ಮಲಗೋದು ಇವೆರಡಕ್ಕೆ ಏನು ಮಾಡಲಿ? ಕಿವಿಗೆ ಹಾಕೋ ಇಯರ್‌ಮಫ್ ತರಿಸಬಹುದಾ? ಜೂನಿಗೆ ಶಾಲೆ ಶುರುವಾದ ಮೇಲೆ ಟೀಚರಿಗೆ ಏನು ಹೇಳಬೇಕು?

ನಲಿಕಲಿ ಟೀಚರ್ (ಸಕಲೇಶಪುರ)

ಶಾಲೆ ಮಟ್ಟಿಗೆ ನಾನು ಹೇಳ್ತೀನಿ ಅಕ್ಕ. ಟೀಚರಿಗೆ "ಸ್ವಲ್ಪ ನೋಡ್ಕೊಳ್ಳಿ" ಅಂದ್ರೆ ಅವರು ಪಕ್ಕದಲ್ಲಿ ಕೂರಿಸಿ ತಲೆ ಸವರ್ತಾರೆ, ಉಳಿದ ಮಕ್ಕಳು "ಪುಕ್ಲಿ" ಅಂತ ಹೆಸರಿಡ್ತಾರೆ. ಮೂರೇ ವಿಷಯ ಚೀಟೀಲಿ ಬರೆದು ಕೊಡಿ: ಕಿಟಕಿಯಿಂದ ದೂರದ ತಟ್ಟೆಗೆ (ನಲಿಕಲಿ ತರಗತೀಲಿ ಮಕ್ಕಳು ಗುಂಪಾಗಿ ಕೂರೋ ಜಾಗ) ಕೂರಿಸಿ, ಕೆಲಸ ಕೊಡಿ, ಒಂದೇ ಸಲ ಉತ್ತರ ಹೇಳಿ. ನಲಿಕಲಿ ತಟ್ಟೆ ಗುಂಪಾಗಿದ್ದರಿಂದ ಜಾಗ ಬದಲಿಸೋದು ಯಾರಿಗೂ ಎದ್ದು ಕಾಣಲ್ಲ.

ಕೆಲಸ ಅಂದ್ರೆ ನಿಜವಾದ ಕೆಲಸ. ಮೋಡ ಕಪ್ಪಾದಾಗ, ಗುಡುಗಿಗೆ ಮೊದಲೇ, ಕಾರ್ಡುಗಳನ್ನ ಡಬ್ಬಿಗೆ ತುಂಬಿಸೋದು, ಹೊರಗೆ ಯಾರಾದರೂ ಉಳಿದಿದ್ದಾರಾ ಅಂತ ತಲೆ ಎಣಿಸಿ ಹೇಳೋದು. ಗುಡುಗಿದಾಗ ಇಡೀ ತರಗತಿ ಒಂದು ಚಪ್ಪಾಳೆ ಹೊಡೆಯೋ ಆಟ ಆಡಿಸಿ: ಜೋರು ಗುಡುಗಿಗೆ ಜೋರು, ದೂರದ್ದಕ್ಕೆ ಮೆಲ್ಲಗೆ. ಸದ್ದಿಗೆ ಕಾಯೋ ಮಗು ಬೆಚ್ಚೋದು ಕಮ್ಮಿ.

ಸಂಜೆ ಬಿಡೋ ಹೊತ್ತಿಗೆ ಗುಡುಗಿದರೆ 30 ನಿಮಿಷ ಕಾದೇ ಬಿಡಬೇಕು. ತೋಟದ ದಾರೀಲಿ ಸಿಕ್ಕಿಕೊಂಡರೆ ಏನು ಮಾಡಬೇಕು ಅನ್ನೋದನ್ನೂ ಕಲಿಸಿ, ಮುಚ್ಚಿಡಬೇಡಿ: ಒಂಟಿ ಮರದ ಹತ್ತಿರ ನಿಲ್ಲಬಾರದು, ಒಬ್ಬರಿಗೊಬ್ಬರು ಅಂಟಿಕೊಂಡು ನಿಲ್ಲಬಾರದು, ಹತ್ತಿರದ ಗೋಡೆ-ಸೂರಿನ ಮನೆಗೆ ನಡೀಬೇಕು. ಯಾರ ಮನೆ ಅಂತ ಮೊದಲೇ ಮಾತಾಡಿಟ್ಟಿರಿ.

ಇಯರ್‌ಮಫ್ ಬಗ್ಗೆ: ಮಿಕ್ಸಿ, ಪಟಾಕಿ, ಪ್ರಾರ್ಥನೆ ಮೈಕು, ಎಲ್ಲಾ ಸದ್ದಿಗೂ ಕಿವಿ ಮುಚ್ಚೋ ಮಕ್ಕಳಿಗೆ, ಆಟಿಸಂ ಇರೋ ಮಕ್ಕಳಿಗೆ ಅದು ನಿಜವಾಗ್ಲೂ ಬೇಕು. ನಿಮ್ಮ ಮಗಳು ಗುಡುಗಿಗೆ ಮಾತ್ರ ಅಂದ್ರೆ ತೀರಾ ಹತ್ತಿರದ ಗುಡುಗಿನ ಹತ್ತು ನಿಮಿಷಕ್ಕೆ ಮಾತ್ರ ಇರಲಿ. ಮೋಡ ಕಂಡಾಗಿಂದ ಹಾಕ್ಕೊಂಡೇ ಇದ್ದರೆ ಕಿವಿ ಇನ್ನೂ ಸೂಕ್ಷ್ಮ ಆಗುತ್ತೆ. ಹತ್ತಿ ಬೇಡ. ಸದ್ದು ತಡೆಯಲ್ಲ, ಒಳಗೆ ಉಳಿದರೆ ಬೇರೆ ರಗಳೆ.

ಮಕ್ಕಳಮಾತು

ಕತ್ತಲೆ ಮೇಲೆ ಬಂದಿದ್ದು ಒಳ್ಳೇ ಸುಳಿವು. ಹಾಗಾದ್ರೆ ಮೆಟ್ಟಿಲು ಕತ್ತಲೆಯಿಂದಲೇ ಶುರು ಮಾಡಿ. ಕರೆಂಟು ಇರುವಾಗಲೇ, ಅವಳೇ ಸ್ವಿಚ್ ಆರಿಸಿ, ನಡುಕೋಣೇಲಿ ಟಾರ್ಚು ಹುಡುಕೋ ಆಟ. ಮೊದಲು ಅರ್ಧ ನಿಮಿಷ, ಆಮೇಲೆ ಎರಡು, ಐದು.

ಬಚ್ಚಲ ವಿಷಯದಲ್ಲಿ ಎರಡನ್ನ ಬೇರೆ ಮಾಡಿ. ಗುಡುಗುತ್ತಿರುವಾಗ ಅಂಗಳ ದಾಟಲ್ಲ ಅನ್ನೋದು ಸರಿಯಾದ ಬುದ್ಧಿ, ಅದಕ್ಕೆ ಒಳಗೇ ಒಂದು ಬಕೆಟ್ ವ್ಯವಸ್ಥೆ ಇರಲಿ. ಕೊನೆಯ ಗುಡುಗು ಕಳೆದು 30 ನಿಮಿಷ ಆದಮೇಲೂ ಹೋಗಲ್ಲ ಅನ್ನೋದು ಭಯ. ಆ ಹೊತ್ತಿಗೆ ಮೊದಲ ವಾರ ಬಚ್ಚಲ ಬಾಗಿಲವರೆಗೆ ಜೊತೆಗೆ ಹೋಗಿ, ಎರಡನೇ ವಾರ ಅಂಗಳದ ನಡುವೆ ನಿಲ್ಲಿ, ಮೂರನೇ ವಾರ ಅಡುಗೆಮನೆ ಹೊಸ್ತಿಲಲ್ಲಿ. ಮಾತಾಡ್ತಾ ಇರಿ, ಆಮೇಲಾಮೇಲೆ ಮಾತೂ ಕಮ್ಮಿ ಮಾಡಿ.

ಮಲಗೋದಕ್ಕೆ, ನಿಮ್ಮ ಮಂಚದ ಪಕ್ಕ ನೆಲಕ್ಕೆ ಅವಳ ಹಾಸಿಗೆ. ಮೂರು ರಾತ್ರಿಗೊಮ್ಮೆ ಒಂದು ಮೊಳ ಅಜ್ಜಿಯ ಕೋಣೆ ಕಡೆ ಸರಿಸಿ. ನಡುರಾತ್ರಿ ಗುಡುಗಿ ಎದ್ದು ಬಂದರೆ ಬೈಯಬೇಡಿ, ಮಂಚಕ್ಕೂ ಹತ್ತಿಸ್ಕೋಬೇಡಿ. ಅವಳ ಹಾಸಿಗೇಲಿ ನೀವು ಹೋಗಿ ಕೂತು, ಮಳೆ ಇಳಿದ ಮೇಲೆ ವಾಪಸ್ ಬನ್ನಿ. ಹೊಗಳೋದಾದರೆ "ಜಾಣೆ" ಅನ್ನೋದಕ್ಕಿಂತ "ಧನಂಜಯನವರೆಗೆ ಎಣಿಸಿದೆ, ಚಾಪೆ ಬಿಟ್ಟು ಏಳಲಿಲ್ಲ" ಅಂತ ಮಾಡಿದ್ದನ್ನೇ ಹೆಸರಿಟ್ಟು ಹೇಳಿ.

ಎಳೆಜೀವ (ಹಾಸನ, ಮಕ್ಕಳ ವೈದ್ಯ)

ಡಾಕ್ಟರ ಪ್ರಶ್ನೆ ಉಳಿದಿದೆ. ಎರಡರಿಂದ ಆರೇಳು ವರ್ಷದ ಮಕ್ಕಳಿಗೆ ಗುಡುಗಿನ ಭಯ ಸಾಮಾನ್ಯ, ಕಾಯಿಲೆ ಅಲ್ಲ. ಆರು ತಿಂಗಳು ದಾಟಿಯೂ ಇಳಿಯದಿದ್ದರೆ, ಮೋಡ ಇದ್ದ ದಿನ ಶಾಲೆಗೆ ಹೋಗಲ್ಲ ಅಂದ್ರೆ, ಊಟ ನಿದ್ರೆ ಕೆಟ್ಟರೆ, ಬಿಟ್ಟುಹೋಗಿದ್ದ ಹಾಸಿಗೆ ಒದ್ದೆ ಮಾಡೋದು ಮತ್ತೆ ಶುರುವಾದರೆ, ಬೇಸಿಗೆ ಬಿಸಿಲಲ್ಲೂ ಅದೇ ಯೋಚನೆ ಆದರೆ ತೋರಿಸಿ. ಎಲ್ಲಾ ಸದ್ದಿಗೂ ಕಿವಿ ನೋವು ಅಂದ್ರೆ ಮೊದಲು ಕಿವಿ ಪರೀಕ್ಷೆ. ಗುಡುಗಿಲ್ಲದ ದಿನವೂ ಹೊಟ್ಟೆನೋವು ಬಂದರೆ ಅದನ್ನ ಭಯದ ಲೆಕ್ಕಕ್ಕೆ ಹಾಕಬೇಡಿ.

ಮೊದಲ ಚಿಕಿತ್ಸೆ ಮೇಲೆ ಹೇಳಿದ ಮೆಟ್ಟಿಲು ಅಭ್ಯಾಸವೇ, ಮಾತ್ರೆ ಅಲ್ಲ. ನಿದ್ರೆ ಬರಲಿ ಅಂತ ಶೀತದ ಸಿರಪ್ ಕುಡಿಸೋರಿದ್ದಾರೆ, ದಯವಿಟ್ಟು ಬೇಡ. ಕೆಲವು ಮಕ್ಕಳಿಗೆ ಅದು ನಿದ್ರೆ ಬದಲು ಚಡಪಡಿಕೆ ತರುತ್ತೆ. ಮಾತಾಡಿ ಕೇಳಬೇಕು ಅಂದ್ರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416, ದಿನದ 24 ಗಂಟೆ, ಉಚಿತ, ಕನ್ನಡದಲ್ಲೇ ಮಾತಾಡ್ತಾರೆ. ಮುಖಾಮುಖಿ ಆದರೆ ಜಿಲ್ಲಾ ಆಸ್ಪತ್ರೆಯ ಮನೋವೈದ್ಯ ವಿಭಾಗ. ಅಲ್ಲಿಗೂ ಮೀರಿದ್ದಕ್ಕೆ ಬೆಂಗಳೂರಿನ ನಿಮ್ಹಾನ್ಸ್.

ಒಂದು ಬೇರೆ ಗುಂಪಿದೆ. 2019ರ ಆಗಸ್ಟ್ ಮಳೆಯಲ್ಲಿ ಮೂಡಿಗೆರೆ ತಾಲೂಕಿನಲ್ಲಿ ಗುಡ್ಡ ಕುಸಿದ ಹಾಗೆ, ಮನೆ ತೋಟ ಕಳೆದುಕೊಂಡದ್ದನ್ನ ಕಂಡ ಮಕ್ಕಳು. ಅವರು ಹೆದರೋದು ಗುಡುಗಿಗಲ್ಲ, ನಿಲ್ಲದ ಮಳೆಗೆ. ಅವರಿಗೆ ತಗಡು ಬಾರಿಸೋ ಅಭ್ಯಾಸ ಮನೇಲೇ ಶುರು ಮಾಡಬೇಡಿ, ಹಳೇ ನೆನಪು ಕೆದಕಿದ ಹಾಗಾಗುತ್ತೆ. ಮೊದಲು ತಜ್ಞರಿಗೆ ತೋರಿಸಿ. ಮನೆ ನಿಜಕ್ಕೂ ಗುಡ್ಡದ ಬುಡದಲ್ಲಿದ್ದರೆ ಯಾವ ರಾತ್ರಿ ಯಾರ ಮನೆಗೆ ಹೋಗೋದು ಅಂತ ಮಗುವಿನ ಎದುರೇ ನಿರ್ಧಾರ ಮಾಡಿ, ಬ್ಯಾಗು ಕಟ್ಟಿಡಿ.

ಮಳೆಲೆಕ್ಕ

ತಗಡು ತರೋರಿಗೆ ಒಂದು ಮಾತು. ಅಂಗಡೀಲಿ ಕತ್ತರಿಸಿ ಕೊಟ್ಟ ಅಂಚು ಬ್ಲೇಡಿನ ಹಾಗಿರುತ್ತೆ. ನಾಲ್ಕೂ ಕಡೆ ಅರ್ಧ ಇಂಚು ಮಡಚಿ ಬಡಿದು, ಹಿಡಿಯೋ ಕಡೆ ಹಳೇ ಸೈಕಲ್ ಟ್ಯೂಬು ಸೀಳಿ ಸುತ್ತಿ. ನೇತುಹಾಕೋದು ಮನೆ ಒಳಗಿನ ತೊಲೆಗೆ, ಅಂಗಳದ ತಂತಿಗಲ್ಲ. ನಿಜವಾದ ಗುಡುಗು ಬಂದಾಗ ಅದನ್ನ ಮುಟ್ಟೋ ಹಾಗಿಲ್ಲ ಅನ್ನೋದು ಮೊದಲ ದಿನವೇ ಗೊತ್ತಿರಲಿ.